ದಾರ್ಸೈಟಿನ ಸಿಸಿಲಿಯಾ ಟೀಚರ್

ಸಿಸಿಲಿಯಾ ಟೀಚರ್ ಎಂಬ ಹೆಂಗಸು ಯಾವತ್ತೂ ಇರಲೇ ಇಲ್ಲ. ಅವರನ್ನು ಹುಟ್ಟಿಸಿದವಳು ನಾನು. ಅವರಿಗೆ ಅರವತ್ತೆಂಟು ವರ್ಷ ವಯಸ್ಸು, ದಪ್ಪ ಕನ್ನಡಕ, ಎಡ ಮೊಣಕಾಲಿನ ನೋವು ಕೊಟ್ಟವಳೂ ನಾನು. ಕೊನೆಗೆ ಒಂದು ಶುಕ್ರವಾರ ಬೆಳಿಗ್ಗೆ, ಕೈಯಲ್ಲಿ ದೋಸೆ ಮಗುಚುವ ಸಟ್ಟುಗ ಹಿಡಿದುಕೊಂಡೇ ಅವರನ್ನು ಕೊಂದವಳೂ ನಾನೇ. ಇದನ್ನು ಹೇಳುವುದಕ್ಕೆ ನನಗೆ ಇಷ್ಟು ವರ್ಷ ಬೇಕಾಯಿತು. ಬರೆದು ನೋಡಿದರೆ ಐದು ಸಾಲೂ ಆಗಲಿಲ್ಲ.

ಕೊಂದದ್ದು ದೊಡ್ಡ ವಿಷಯವಲ್ಲ. ಇಲ್ಲದವರನ್ನು ಕೊಂದರೆ ಯಾವ ಪೊಲೀಸರೂ ಬರುವುದಿಲ್ಲ. ಆದರೆ ಇಲ್ಲದ ಆ ಹೆಂಗಸನ್ನು ನಂಬಿ ಹಿರಿಯ ಕಾದಂಬರಿಕಾರ್ತಿಯೊಬ್ಬರು ಮೂರು ತಿಂಗಳು ಹೆಚ್ಚಿಗೆ ಮಸ್ಕತ್ತಿನಲ್ಲೇ ಉಳಿದುಬಿಟ್ಟರು. ಅಷ್ಟರಲ್ಲಿ ಅವರಿಗೆ — ಇಲ್ಲ, ಅದು ಆಮೇಲೆ. ಅದನ್ನು ಈಗಲೇ ಹೇಳಿದರೆ ಮಿಕ್ಕಿದ್ದನ್ನು ಹೇಳುವ ಧೈರ್ಯ ನನಗೆ ಉಳಿಯುವುದಿಲ್ಲ.

ಅವರ ಹೆಸರು ಎಲ್ಸ್ಪೆತ್ ಮಕ್‌ವರಿಚ್. ಸ್ಕಾಟ್ಲೆಂಡಿನ ಉತ್ತರ ಕಡಲತೀರದ ಒಂದು ಸಣ್ಣ ಬಂದರಿನವರು. ಅಲ್ಲಿ ಹೆರಿಂಗ್ ಎಂಬ ಮೀನು ರಾಶಿರಾಶಿ ಬರುತ್ತಿದ್ದ ಕಾಲದಲ್ಲಿ ಅವರ ಅಜ್ಜಿ, ತಾಯಿ, ಅಕ್ಕ ಮೂವರೂ ಬೆರಳಿಗೆ ಬಟ್ಟೆ ಸುತ್ತಿಕೊಂಡು ಮೀನಿನ ಹೊಟ್ಟೆ ಸೀಳಿ, ಉಪ್ಪು ಹಾಕಿ, ಪೀಪಾಯಿ ತುಂಬಿ ಬದುಕಿದವರು. ಅಕ್ಕ ಜೀನ್ ಹೀಗೆ ದುಡಿದೇ ತಂಗಿಯನ್ನು ಕಾಲೇಜಿಗೆ ಕಳಿಸಿದ್ದು. ತಂಗಿ ಹನ್ನೊಂದು ಕಾದಂಬರಿ ಬರೆದರು. ಹನ್ನೊಂದರಲ್ಲೂ ಸಮುದ್ರ, ಹನ್ನೊಂದರಲ್ಲೂ ಯಾರಾದರೊಬ್ಬರು ಮುಳುಗಿ ಸಾಯಲೇಬೇಕು. ಒಂದು ಕಾಲದಲ್ಲಿ ಅವರಿಗೆ ಹೆಸರಿತ್ತಂತೆ. ನಾನು ನೋಡುವ ಹೊತ್ತಿಗೆ ಅವರ ಪುಸ್ತಕಗಳು ಅವರ ಮನೆಯ ಕಪಾಟಿನಲ್ಲಿ ಬಿಟ್ಟರೆ ಬೇರೆಲ್ಲೂ ಸಿಗುತ್ತಿರಲಿಲ್ಲ. ಗಂಡ ಮಸ್ಕತ್ತಿನ ಅಂಚಿನ ಅಲ್ ಖೌದ್‌ನ ವಿಶ್ವವಿದ್ಯಾಲಯದಲ್ಲಿ ಕಲ್ಲುಬಂಡೆಗಳ ಪಾಠ ಮಾಡುತ್ತಿದ್ದರು. ಇವರು ಮನೆಯಲ್ಲಿ ಪೆನ್ಸಿಲ್ ಚೂಪು ಮಾಡುತ್ತಾ ಹನ್ನೆರಡನೆಯದನ್ನು ಬರೆಯುತ್ತಿದ್ದರು.

ಅದು ಕಚ್ಚಾ ಎಣ್ಣೆಯ ಬೆಲೆ ಕುಸಿದ ಕಾಲ. ನಮ್ಮ ಆಫೀಸಿನಲ್ಲಿ ಮೊದಲು ಟಿಶ್ಯೂ ಪೇಪರ್ ನಿಂತಿತು, ಆಮೇಲೆ ಕಾಫಿ ಮೆಷಿನ್ ಹೋಯಿತು, ಆಮೇಲೆ ನಾನು ಹೋದೆ. ನನ್ನ ಗಂಡ ವಲೇರಿಯನ್‌ಗೆ ಕೆಲಸವೇನೋ ಉಳಿಯಿತು, ಆದರೆ ಮಸ್ಕತ್ತಿನಿಂದ ಎತ್ತಿ ದೂರದ ದುಕ್ಮ್‌ನ ಕ್ಯಾಂಪಿಗೆ ಹಾಕಿದರು, ಫ್ಯಾಮಿಲಿ ಫ್ಲ್ಯಾಟ್ ಖಲಾಸ್ ಅಂದರು. ಮಗಳು ಶರಲ್ ಹತ್ತನೇ ಕ್ಲಾಸು. ಮಾರ್ಚಿನಲ್ಲಿ ಬೋರ್ಡ್ ಪರೀಕ್ಷೆ. ನಡುವರ್ಷದಲ್ಲಿ ಅವಳನ್ನು ಎಬ್ಬಿಸಿಕೊಂಡು ಊರಿಗೆ ಹೋದರೆ ಯಾವ ಶಾಲೆಯೂ ಸೇರಿಸಿಕೊಳ್ಳುವುದಿಲ್ಲ. ಹೇಗಾದರೂ ನಾವೇ ಬಾಡಿಗೆ ಕಟ್ಟಿ ಮಾರ್ಚಿನವರೆಗೆ ಮಸ್ಕತ್ತಿನ ದಾರ್ಸೈಟ್ ಬಡಾವಣೆಯ ಫ್ಲ್ಯಾಟನ್ನು ಉಳಿಸಿಕೊಳ್ಳಬೇಕಿತ್ತು, ಅದಕ್ಕೆ ನನಗೆ ಕೆಲಸ ಬೇಕಿತ್ತು. ಹಳೆಯ ಬಾಸ್ ಪಾಪ, ತನ್ನ ಕೆಲಸವೇ ಅಲುಗಾಡುತ್ತಿದ್ದರೂ, ಒಬ್ಬ ಲೇಖಕಿಗೆ ಟೈಪ್ ಮಾಡುವವರು ಬೇಕಂತೆ ಎಂದು ಅಲ್ ಖೌದ್‌ನ ವಿಳಾಸ ಕೊಟ್ಟರು.

ಆ ಇಂಟರ್ವ್ಯೂನಲ್ಲಿ ಅವರು ನನ್ನ ಟೈಪಿಂಗ್ ಸ್ಪೀಡ್ ಕೇಳಲಿಲ್ಲ. ಊರು ಯಾವುದೆಂದು ಕೇಳಿದರು. ಮಲ್ಪೆಯ ಹತ್ತಿರ, ಅಪ್ಪನ ದೋಣಿ ಇತ್ತು ಎಂದೆ. ಹಾಗಾದರೆ ಇಪ್ಪತ್ತು ಬಂಗುಡೆ ಸೀಳಲು ಎಷ್ಟು ಹೊತ್ತು ಬೇಕು ಎಂದರು. ಹತ್ತು ನಿಮಿಷ ಎಂದೆ. ಜೀನ್‌ಗೆ ಒಂದು ನಿಮಿಷಕ್ಕೆ ಅರವತ್ತು ಮೀನು ಆಗುತ್ತಿತ್ತು ಎಂದು ಹೇಳಿ, ನನ್ನನ್ನು ಸ್ವಲ್ಪ ಕನಿಕರದಿಂದ ನೋಡಿ, ಕೆಲಸ ಕೊಟ್ಟರು. ಜುಲೈ ತಿಂಗಳಿಂದ ವಾರಕ್ಕೆರಡು ದಿನ ಬಸ್ಸು ಹಿಡಿದು ಅಲ್ ಖೌದ್‌ಗೆ ಹೋಗಿ ಬರೆದ ಹಾಳೆ ತರುವುದು, ಮನೆಯಲ್ಲಿ ಟೈಪ್ ಮಾಡಿ ವಾಪಸ್ ಕೊಡುವುದು. ಸಮುದ್ರದಲ್ಲಿ ಗಂಡನನ್ನು ಕಳೆದುಕೊಂಡ ಹೆಂಗಸೊಬ್ಬಳು, ಅದೇ ಮುರಿದ ದೋಣಿಯನ್ನು ಮತ್ತೆ ಕಟ್ಟಿಸುವ ಕಥೆ. ನಾನು ಟೈಪ್ ಮಾಡುತ್ತಾ ಮಾಡುತ್ತಾ ಎಷ್ಟೋ ಸಲ ಬೆರಳು ನಿಲ್ಲಿಸಿ ಕೂತಿದ್ದೇನೆ.

ಆದರೆ ಹೇಗಿದೆ ಎಂದು ಅವರು ಕೇಳಿದರೆ ನಾನು ಬಾಯಿ ಬಿಡುತ್ತಿರಲಿಲ್ಲ. ಇದು ನನ್ನ ಹಳೆಯ ಕೆಲಸದ ಚಾಳಿ. ಹದಿಮೂರು ವರ್ಷ ನಾನು ಡಾಕ್ಯುಮೆಂಟ್ ಕಂಟ್ರೋಲರ್ ಆಗಿದ್ದವಳು. ಎಂಜಿನಿಯರುಗಳು ಮಾಡಿದ ಡ್ರಾಯಿಂಗ್ ನನ್ನ ಮೇಜಿಗೆ ಬರುತ್ತದೆ, ನಾನು ನಂಬರ್ ಹಾಕಿ ನಾಲ್ಕು ವಿಭಾಗಗಳಿಗೆ ಕಳಿಸುತ್ತೇನೆ. ಅವರು ತಮ್ಮ ತಮ್ಮ ಹೆಸರಿನಲ್ಲಿ ತಕರಾರು ಬರೆದು ಕೊಡುತ್ತಾರೆ, ನಾನು ಎಲ್ಲವನ್ನೂ ಒಂದು ಶೀಟಿನಲ್ಲಿ ಸೇರಿಸಿ ಡ್ರಾಯಿಂಗ್ ಮಾಡಿದವರಿಗೆ ಮುಟ್ಟಿಸುತ್ತೇನೆ. ಎಲ್ಲ ತಕರಾರು ತೀರುವವರೆಗೆ ಆ ಡ್ರಾಯಿಂಗ್ ಮುಗಿಯಿತು ಎನ್ನುವ ಹಾಗಿಲ್ಲ. ಪೈಪು ತಲೆಕೆಳಗಾಗಿ ಬರೆದಿದ್ದು ನನ್ನ ಕಣ್ಣಿಗೆ ಕಂಡರೂ ನಾನು ಸೊಲ್ಲೆತ್ತುವಂತಿಲ್ಲ. ನನಗೊಂದು ಅಭಿಪ್ರಾಯ ಇರಬಹುದು ಎಂದು ಆ ಹದಿಮೂರು ವರ್ಷದಲ್ಲಿ ಯಾರೂ ಅಂದುಕೊಳ್ಳಲಿಲ್ಲ — ನಾನೂ ಅಂದುಕೊಳ್ಳಲಿಲ್ಲ.

ಅಕ್ಟೋಬರ್ ಕೊನೆಗೆ ಒಂದು ದಿನ ಅವರು ಪೆನ್ಸಿಲ್ ಕೆಳಗಿಟ್ಟು, ಮುಂದಿನ ವಾರ ಕಾದಂಬರಿ ಮುಗಿಯುತ್ತದೆ ಎಂದರು. ಡಿಸೆಂಬರಿನಲ್ಲಿ ತಾನು ಗಂಡನಿಗಿಂತ ಮುಂಚೆಯೇ ಊರಿಗೆ ಹೋಗಿಬಿಡುತ್ತೇನೆ, ಜೀನ್‌ಗೆ ಎಂಬತ್ತನಾಲ್ಕು ವರ್ಷ, ಕಣ್ಣು ಕಾಣುವುದಿಲ್ಲ, ಕ್ರಿಸ್ಮಸ್ ರಜೆಯಲ್ಲಿ ಬೆಂಕಿಯ ಮುಂದೆ ಕೂತು ಇದನ್ನು ಪೂರ್ತಿ ಓದಿ ಹೇಳಬೇಕು ಎಂದರು. ಮುಂದಿನ ವಾರ ಮುಗಿದರೆ ನನ್ನ ಕೆಲಸವೂ ಮುಂದಿನ ವಾರ ಮುಗಿಯಿತು. ಮಾರ್ಚಿಗೆ ಇನ್ನೂ ನಾಲ್ಕು ತಿಂಗಳು. ಅಷ್ಟರಲ್ಲಿ ಅವರೇ, ಇಷ್ಟಕ್ಕೂ ಇದನ್ನು ಯಾರು ಓದುತ್ತಾರೆ ಲವೀನಾ, ಎಂದು ನಿಟ್ಟುಸಿರು ಬಿಟ್ಟರು.

ನಾನು ಹೇಳಬಹುದಿತ್ತು — ನಾನು ಓದುತ್ತಿದ್ದೇನೆ ಮೇಡಂ, ಎಂದು. ಮೂರೇ ಮಾತು. ಅದರ ಬದಲು ನನ್ನ ಬಾಯಿಂದ ಬಂದದ್ದು ಬೇರೆ. ನಮ್ಮ ಬಿಲ್ಡಿಂಗಿನಲ್ಲಿ ನಾಲ್ಕು ಜನ ಶುಕ್ರವಾರ ಒಟ್ಟಿಗೆ ಕೂತು ಇದನ್ನು ಓದುತ್ತಿದ್ದಾರೆ, ನಾನು ಒಂದು ಪ್ರತಿ ಅವರಿಗೂ ಕೊಡುತ್ತಿದ್ದೇನೆ, ನಿಮ್ಮನ್ನು ಕೇಳದೆ ಕೊಟ್ಟದ್ದಕ್ಕೆ ಕ್ಷಮಿಸಿ ಎಂದೆ. ಮಾಡದ ತಪ್ಪಿಗೆ ಕ್ಷಮೆ ಕೇಳಿದರೆ ಸುಳ್ಳು ಎಷ್ಟು ಗಟ್ಟಿಯಾಗಿ ಕೂರುತ್ತದೆ ಎಂದು ಅವತ್ತು ಗೊತ್ತಾಯಿತು. ಮೇಡಂ, ಆ ನಾಲ್ವರಿಗೆ ಕಾದಂಬರಿ ಮುಗಿಯುವುದು ಇಷ್ಟವೇ, ಎಂದು ಕೇಳಿದರು.

"ಇಲ್ಲ ಮೇಡಂ," ಎಂದೆ ನಾನು, "ಇಷ್ಟು ಬೇಗ ಮುಗಿಯೋದು ಯಾರಿಗೂ ಬೇಡವಂತೆ."

ಅವರ ಮುಖ ಅರಳಿದ್ದನ್ನು ಈಗ ನೆನೆಸಿದರೆ ನನಗೆ ನಾಚಿಕೆಯಾಗುತ್ತದೆ. ಆಗ ಆಗಲಿಲ್ಲ. ಆಗ ಒಂದು ದೊಡ್ಡ ಕೆಲಸ ಸಾಧಿಸಿದವಳ ಹಾಗೆ ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತು ಮನೆಗೆ ಬಂದೆ.

ಮುಂದಿನ ಸಲ ಹೋಗುವಾಗ ಕಮೆಂಟ್ ಶೀಟ್ ತಯಾರು ಮಾಡಿಕೊಂಡೇ ಹೋದೆ. ಪುಟದ ಸಂಖ್ಯೆ, ಹೇಳಿದವರ ಹೆಸರು, ತಕರಾರು, ಲೇಖಕಿಯ ಉತ್ತರಕ್ಕೆ ಖಾಲಿ ಜಾಗ. ನಾಲ್ಕು ವಿಭಾಗ ಇದ್ದ ಕಡೆ ನಾಲ್ಕು ಓದುಗರು. ಮೀನಿನ ವ್ಯಾಪಾರದ ಶೆಟ್ರು. ಮೈಸೂರಿನ ಎಂಜಿನಿಯರ್ ಗೋಪಾಲರಾಯರು. ಮದುವೆ ಆಗದ ಕಥೆ ಎಂದರೆ ಸೇರದ ಮಿಸೆಸ್ ಕಾಮತ್. ಮತ್ತು ನಿವೃತ್ತ ಹೆಡ್‌ಮಿಸ್ಟ್ರೆಸ್ ಸಿಸಿಲಿಯಾ ಟೀಚರ್. ಎಲ್ಲರೂ ಹೊಗಳಿದರೆ ನಂಬುವುದಿಲ್ಲವಲ್ಲ, ಅದಕ್ಕೆ ಒಬ್ಬರಾದರೂ ಬೈಯುವವರು ಬೇಕಿತ್ತು. ಆ ಬೈಯುವವರೇ ನನ್ನ ಕೈತಪ್ಪಿ ಬೆಳೆದರು.

ಗೋಪಾಲರಾಯರು ಮೊದಲ ಶೀಟಿನಲ್ಲೇ, ಎಂಬತ್ತೆಂಟನೇ ಪುಟದಲ್ಲಿ ಸಂಜೆ ಆರಕ್ಕೆ ಭರತ, ಆರು ದಿನದ ನಂತರವೂ ಅದೇ ಹೊತ್ತಿಗೆ ಭರತ, ಇದು ಹೇಗೆ ಸಾಧ್ಯ ಎಂದು ಕೇಳಿದ್ದರು. ಭರತದ ಹೊತ್ತು ದಿನಕ್ಕೆ ಮುಕ್ಕಾಲು ಗಂಟೆ ಮುಂದೆ ಹೋಗುತ್ತದೆಂದು ಅಪ್ಪನ ದೋಣಿ ಕಾಯುತ್ತಾ ಬೆಳೆದವಳಿಗೆ ಗೊತ್ತಾಗದೆ ಇರುತ್ತದೆಯೇ. ಮೇಡಂ ಲೆಕ್ಕ ಹಾಕಿ ನೋಡಿ, ಹನ್ನೊಂದು ಕಾದಂಬರಿಯಲ್ಲಿ ತನ್ನನ್ನು ಹೀಗೆ ಯಾರೂ ಹಿಡಿದಿರಲಿಲ್ಲ ಎಂದು ಗೋಪಾಲರಾಯರಿಗೆ ನಮಸ್ಕಾರ ಹೇಳಿ ಕಳಿಸಿದರು. ಕಥೆಯ ವಿಧವೆಯನ್ನು ಬಿಟ್ಟು ಕೆನಡಾಕ್ಕೆ ಓಡಿಹೋದ ದೊಡ್ಡ ಮಗ ಏನಾದ ಎಂದು ಶೆಟ್ರು ಕೇಳಿದರು. ಅದಕ್ಕೆ ತೊಂಬತ್ತು ಪುಟ ಕೆನಡಾ ಬಂತು. ಕೆನಡಾ ನೋಡದ ನಾನು, ಕೆನಡಾ ನೋಡದ ಅವರು — ಹಿಮ ಬಿದ್ದದ್ದೇ ಬಿದ್ದದ್ದು. ಮಿಸೆಸ್ ಕಾಮತ್ ಒಂದಾದರೂ ಮದುವೆ ಬೇಕೆಂದು ಹಟ ಹಿಡಿದರು. ಮೇಡಂ ಮೂರು ವಾರ ಒಲ್ಲೆ ಒಲ್ಲೆ ಎಂದು, ಕೊನೆಗೆ ಮದುವೆ ಬರೆದರು. ಅದನ್ನು ಓದಿದ ಸಿಸಿಲಿಯಾ ಟೀಚರ್, ಇದು ಸಿನಿಮಾಕ್ಕೆ ಲಾಯಕ್ಕು, ತೆಗೆಯಿರಿ ಎಂದು ಬರೆದರು. ತೆಗೆಯಲು ಇನ್ನೂ ಮೂರು ವಾರ ಹಿಡಿಯಿತು. ಅಷ್ಟರಲ್ಲಿ ಶರಲ್‌ಳ ಗಣಿತದ ಅರ್ಧ ಪೋರ್ಷನ್ ಮುಗಿದಿತ್ತು.

ಸಿಸಿಲಿಯಾ ಟೀಚರ್ ಹೇಳಿದ್ದೆಲ್ಲ ನನ್ನ ಮನಸ್ಸಿನ ಮಾತೇ. ನನ್ನ ಹೆಸರಿನಲ್ಲಿ ಒಂದು ಸಾಲು ಹೇಳಲಾರದವಳು ಅವರ ಹೆಸರಿನಲ್ಲಿ ಪುಟಗಟ್ಟಲೆ ಬೈಯುತ್ತಿದ್ದೆ. ಇಲ್ಲಿ ನೀವು ಅಳುತ್ತಿದ್ದೀರಿ, ಆ ವಿಧವೆ ಅಳುತ್ತಿಲ್ಲ. ಈ ಪುಟ ಚೆನ್ನಾಗಿದೆ ಎಂದು ನಿಮಗೇ ಗೊತ್ತಿದೆ, ಅದೇ ಇದರ ತೊಂದರೆ. ಮೇಡಂ ಪೆನ್ಸಿಲಿನಲ್ಲಿ ಜಗಳಕ್ಕೆ ನಿಲ್ಲುತ್ತಿದ್ದರು, ಮೂರು ದಿನ ಬಿಟ್ಟು ಸೋಲುತ್ತಿದ್ದರು. ಎಡಿನ್‌ಬರೋದಲ್ಲಿ ಮೂವತ್ತು ವರ್ಷದಿಂದ ಅವರ ಪುಸ್ತಕ ತಿದ್ದುತ್ತಿದ್ದ ಸಂಪಾದಕ, ಇದು ಉದ್ದವಾಯಿತು, ಅರ್ಧ ಮಾಡಿ ಎಂದಾಗ, ನನ್ನ ಓದುಗರು ಒಪ್ಪುವುದಿಲ್ಲ ಎಂದು ಪತ್ರ ಬರೆದು ಅವನ ಜೊತೆ ಮಾತು ಬಿಟ್ಟರು. ಆ ಪತ್ರವನ್ನೂ ನಾನೇ ಟೈಪ್ ಮಾಡಿದೆ, ಒಂದು ಅಕ್ಷರ ತಪ್ಪಿಲ್ಲದೆ.

ಡಿಸೆಂಬರ್ ಮೊದಲ ವಾರ ನಾನು ಅಲ್ಲಿ ಕೂತಿದ್ದಾಗಲೇ ಅವರು ಅಕ್ಕನಿಗೆ ಫೋನ್ ಮಾಡಿದರು. ಕ್ರಿಸ್ಮಸ್‌ಗೆ ಬರಲಾಗುವುದಿಲ್ಲ, ಟಿಕೆಟನ್ನು ಮಾರ್ಚಿಗೆ ಹಾಕಿದ್ದೇನೆ, ಇಲ್ಲಿ ಓದುಗರು ಕಿವಿ ಹಿಂಡುತ್ತಿದ್ದಾರೆ, ಸಿಸಿಲಿಯಾ ಎಂಬುವಳಂತೂ ಬಿಡುವ ಪೈಕಿಯಲ್ಲ ಎಂದರು. ಜೀನ್‌ಗೆ ಕಿವಿ ಮಂದ, ಹಾಗಾಗಿ ಫೋನಿನ ಶಬ್ದ ಜೋರಾಗಿಟ್ಟಿದ್ದರು. ಆ ಮುದುಕಿಯ ದನಿ ಕೋಣೆಗೆಲ್ಲ ಕೇಳಿತು.

"ಓದುವವರು ಸಿಕ್ಕಿದರೆ ಬಿಡಬೇಡ ಕಣೇ. ನಾನೆಲ್ಲಿಗೆ ಹೋಗ್ತೀನಿ."

ನಾನು ಆಗ ಹೇಳಬೇಕಿತ್ತು. ಇಡೀ ಕಥೆಯಲ್ಲಿ ಹೇಳಲೇಬೇಕಿದ್ದ ಗಳಿಗೆ ಎಂದರೆ ಅದು. ಬಾಯಿ ತೆರೆದದ್ದೂ ನೆನಪಿದೆ. ಆದರೆ ಜನವರಿಯಲ್ಲಿ ಶರಲ್‌ಗೆ ಪ್ರಿಲಿಮ್ಸ್ — ನಾನು ಬಾಯಿ ಮುಚ್ಚಿಕೊಂಡು ಹಾಳೆ ಜೋಡಿಸಿಕೊಂಡೆ.

ಜನವರಿಯಲ್ಲಿ ಮೇಡಂಗೆ ಓದುಗರನ್ನು ನೋಡುವ ಆಸೆ ಹುಟ್ಟಿತು. ದಾರ್ಸೈಟಿಗೆ ಬಂದು ಎಲ್ಲರಿಗೂ ಚಹಾ ಕೊಡುತ್ತೇನೆ ಎಂದರು. ಆಗ ನನ್ನ ನೆರವಿಗೆ ಬಂದದ್ದು ಎಣ್ಣೆಯ ಕುಸಿತ. ಶೆಟ್ರ ಕಂಪನಿ ಮುಚ್ಚಿತು, ಊರಿಗೆ ಹೋದರು ಎಂದೆ. ಹದಿನೈದು ದಿನ ಬಿಟ್ಟು ಗೋಪಾಲರಾಯರಿಗೆ ಟರ್ಮಿನೇಷನ್ ಲೆಟರ್ ಕೊಡಿಸಿದೆ. ಮಿಸೆಸ್ ಕಾಮತ್ ಗಂಡನ ಹಿಂದೆ ಹೋದರು. ಆ ದಿನಗಳಲ್ಲಿ ಯಾರಾದರೂ ಕೆಲಸ ಕಳೆದುಕೊಂಡರು ಎಂದರೆ ಎರಡನೇ ಪ್ರಶ್ನೆ ಯಾರೂ ಕೇಳುತ್ತಿರಲಿಲ್ಲ. ಮೇಡಂ ಒಬ್ಬೊಬ್ಬರಿಗೂ ಒಂದೊಂದು ಡಬ್ಬಿ ಬೆಣ್ಣೆ ಬಿಸ್ಕಿಟ್, ಜೊತೆಗೆ ಕೈಬರಹದ ಚೀಟಿ ಕೊಟ್ಟು ಕಳಿಸಿದರು. ರಜೆಗೆ ಬಂದ ವಲೇರಿಯನ್ ಮೂರನೇ ಡಬ್ಬಿಯ ತಳ ಕೆರೆಯುತ್ತಾ, ಮೊದಲ ಡಬ್ಬಿಯ ಚೀಟಿ ನೋಡಿ, "ಯಾರು ಮಾರಾಯ್ತಿ ಈ ಶೆಟ್ರು? ಒಳ್ಳೆ ಜನ, ಬಿಸ್ಕಿಟ್ ಲಾಯ್ಕುಂಟು" ಎಂದ. ನಾನು ಇನ್ನೆರಡು ತೆಗೆದುಕೊಳ್ಳಿ ಎಂದೆ.

ಉಳಿದವರು ಸಿಸಿಲಿಯಾ ಟೀಚರ್ ಒಬ್ಬರೇ. ಅವರನ್ನು ಊರಿಗೆ ಕಳಿಸಲು ನನಗೆ ಮನಸ್ಸು ಬರಲಿಲ್ಲ; ಕಳಿಸಿದರೆ ಕಾದಂಬರಿ ಮುಗಿಯುತ್ತಿತ್ತು ಎಂಬುದೂ ನಿಜ. ಮೊಣಕಾಲು ನೋವು, ಹೊರಗೆ ಬರುವುದಿಲ್ಲ, ಯಾರನ್ನೂ ನೋಡುವುದಿಲ್ಲ ಎಂದು ದಿನ ತಳ್ಳಿದೆ. ಫೆಬ್ರವರಿ ನಡುವಿನ ಒಂದು ಶುಕ್ರವಾರ ಬೆಳಿಗ್ಗೆ ನಾನು ದೋಸೆ ಹುಯ್ಯುತ್ತಿದ್ದೆ. ಬೆಲ್ ಆಯಿತು. ಶರಲ್ ಬಾಗಿಲು ತೆಗೆದು, ಅಡಿಗೆಮನೆಗೆ ಬಂದು, "ಮಮ್ಮಾ, ಯುವರ್ ರೈಟರ್ ಹ್ಯಾಸ್ ಕಮ್. ಶಿ ವಾಂಟ್ಸ್ ಸಮ್ ಸಿಸಿಲಿಯಾಸ್ ಫ್ಲ್ಯಾಟ್ ನಂಬರ್" ಎಂದಳು. ಎಪ್ಪತ್ತೊಂದು ವರ್ಷದ ಹೆಂಗಸು ಅಲ್ ಖೌದ್‌ನಿಂದ ತಾನೇ ಕಾರು ಓಡಿಸಿಕೊಂಡು, ಲಿಫ್ಟ್ ಕೆಟ್ಟಿದ್ದರೂ ಮೂರು ಮಹಡಿ ಹತ್ತಿ, ಬಿಸ್ಕಿಟ್ ಡಬ್ಬಿ ಎದೆಗವಚಿಕೊಂಡು ನಮ್ಮ ಹಾಲ್‌ನಲ್ಲಿ ನಿಂತಿದ್ದರು. ಉಸಿರು ಸುಧಾರಿಸಿಕೊಂಡು, ಅವಳಿಗೆ ಕಾಲು ನೋವಾದರೆ ನನಗಿಲ್ಲವಲ್ಲ, ಯಾವ ಫ್ಲೋರು ಹೇಳು ಎಂದರು.

"ಟೀಚರ್ ತೀರಿಕೊಂಡ್ರು ಮೇಡಂ," ಎಂದೆ. "ಬುಧವಾರ."

ದೋಸೆ ಸೀದ ವಾಸನೆ ಬಂತು. ಶರಲ್ ನನ್ನನ್ನು ನೋಡಿದಳು. ಮೇಡಂ ನಮ್ಮ ಸೋಫಾದ ತುದಿಯಲ್ಲಿ ಕೂತು, ಡಬ್ಬಿ ತೊಡೆಯ ಮೇಲಿಟ್ಟುಕೊಂಡು ಅತ್ತರು. ನಾನೂ ಅತ್ತೆ — ಹೆದರಿಕೆಗೋ, ಟೀಚರಿಗಾಗಿಯೋ, ಇವತ್ತಿಗೂ ಹೇಳಲಾರೆ. ಶವ ಎಲ್ಲಿ ಎಂದರು, ಊರಿಗೆ ಕಳಿಸಿಯಾಯಿತು ಎಂದೆ. ಮನೆಯವರು ಎಂದರು, ಅವರೂ ಜೊತೆಗೆ ಹೋದರು ಎಂದೆ. ಹಾಗಾದರೆ ಅವಳಿಗಾಗಿ ನಿಮ್ಮ ಚರ್ಚಿನಲ್ಲಿ ಪೂಜೆ ಮಾಡಿಸೋಣ, ನಾನೂ ಬರುತ್ತೇನೆ ಎಂದರು. ಅವರು ಹೋದ ಮೇಲೆ ಶರಲ್ ಪುಸ್ತಕ ಎತ್ತಿಕೊಂಡು, "ಐ ಹ್ಯಾವ್ ಮ್ಯಾಥ್ಸ್. ಐ ಡಿಡಂಟ್ ಹಿಯರ್ ಎನಿಥಿಂಗ್" ಎಂದು ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು.

ಹತ್ತಿರದ ರೂವಿಯ ನಮ್ಮ ಚರ್ಚಿನಲ್ಲಿ ಪಾದ್ರಿಗಳು ಆ ವಾರದ ಮೃತರ ಹೆಸರುಗಳ ಜೊತೆ ಸಿಸಿಲಿಯಾಳ ಹೆಸರನ್ನೂ ಓದಿದರು. ಮೇಡಂ ಅವರದು ಧೂಪ, ಮೂರ್ತಿ, ಮೊಣಕಾಲೂರುವುದು ಯಾವುದೂ ಇಲ್ಲದ ಚರ್ಚು. ಆದರೂ ಅವತ್ತು ನನ್ನನ್ನು ನೋಡಿ ನೋಡಿ ಎದ್ದರು, ಕೂತರು, ಮೊಣಕಾಲೂರಿದರು. ನಾನು ತಪ್ಪಿ ಒಮ್ಮೆ ಬೇಗ ಎದ್ದಾಗ ಅವರೂ ಬೇಗ ಎದ್ದರು. ಈಸ್ಟರಿಗೆ ಮುಂಚಿನ ತಪಸ್ಸು ಕಾಲದಲ್ಲಿ ನಾನು ಇದನ್ನೆಲ್ಲ ಪಾದ್ರಿಗಳ ಮುಂದೆ ಪಾಪನಿವೇದನೆ ಮಾಡಿದೆ. ಅವರು ನಗು ತಡೆದುಕೊಂಡು, ಇಲ್ಲದವಳ ಆತ್ಮಕ್ಕೆ ಪ್ರಾರ್ಥಿಸಿದರೆ ದೇವರು ಅದನ್ನು ಬೇರೆ ಯಾರಿಗಾದರೂ ಕೊಡುತ್ತಾನೆ ಎಂದು ಹೇಳಿ, ಮೂರು 'ನಮೋ ಮರಿಯೆ' ಪ್ರಾರ್ಥನೆ ಹೇಳಿಸಿ ಕಳಿಸಿದರು. ನಾನು ಅವರಿಗೂ ಪೂರ್ತಿ ಹೇಳಿರಲಿಲ್ಲ.

ಹೇಳದೆ ಬಿಟ್ಟದ್ದು ಇದು. ಪೂಜೆಯಾದ ಮರುದಿನ ಮೇಡಂ, ಸಿಸಿಲಿಯಾಳ ಉಳಿದ ತಕರಾರುಗಳನ್ನೆಲ್ಲ ತೀರಿಸಿ ಹತ್ತು ದಿನದಲ್ಲಿ ಮುಗಿಸುತ್ತೇನೆ, ಆಮೇಲೆ ಜೀನ್ ಹತ್ತಿರ ಹೋಗುತ್ತೇನೆ ಎಂದು ಕೂತರು. ಹಗಲೆಲ್ಲ ಬರೆದರು. ಒಂಬತ್ತನೆಯ ದಿನ ನಾನು ಹಾಳೆ ತರಲು ಹೋದಾಗ ಅವರ ಗಂಡ ಸೂಟ್‌ಕೇಸಿಗೆ ಬಟ್ಟೆ ತುಂಬುತ್ತಿದ್ದರು. ಬೆಳಿಗ್ಗೆ ಫೋನ್ ಬಂದಿತ್ತು. ಜೀನ್ ನಿದ್ದೆಯಲ್ಲೇ ತೀರಿಹೋಗಿದ್ದರು.

ಮೇಡಂ ಅಳುತ್ತಿರಲಿಲ್ಲ. ನಮ್ಮ ಸೋಫಾದ ಮೇಲೆ ಸಿಸಿಲಿಯಾಳಿಗಾಗಿ ಅತ್ತವರು ಅವತ್ತು ಅಕ್ಕನಿಗಾಗಿ ಅಳಲಿಲ್ಲ — ಅಥವಾ ನಾನು ಬರುವ ಮೊದಲೇ ಅತ್ತು ಮುಗಿಸಿದ್ದರೋ. ಅವಳಿಗೆ ಓದಿ ಹೇಳಬೇಕಿತ್ತು, ಎಂದಷ್ಟೇ ಹೇಳಿದರು. ಆಮೇಲೆ ನನ್ನ ಮುಖ ನೋಡಿ, ನನ್ನನ್ನು ಸಮಾಧಾನ ಮಾಡಲೆಂಬಂತೆ, ಜೀನ್ ಬೈಯುವುದಿಲ್ಲ ಲವೀನಾ, ಓದುಗರು ಕಾಯುತ್ತಿದ್ದರೆಂದು ಅವಳಿಗೆ ಗೊತ್ತಿತ್ತು ಎಂದರು. ವಿಮಾನಕ್ಕೆ ಹೊರಡುವ ಮೊದಲು ಕೊನೆಯ ಅಧ್ಯಾಯದ ಜೊತೆ ಒಂದು ಬಿಡಿ ಹಾಳೆ ಕೊಟ್ಟು, ಇದನ್ನು ಪುಸ್ತಕದ ಮೊದಲಿಗೆ ಹಾಕು ಎಂದರು. ಅದರಲ್ಲಿ ಒಂದೇ ಸಾಲು ಇತ್ತು: 'ಕಾದ ಜೀನ್‌ಗೆ, ಓದಿದ ಸಿಸಿಲಿಯಾಗೆ.'

ನಾನು ಅದನ್ನು ಟೈಪ್ ಮಾಡಿದೆ. ಸಾಲು ಪುಟದ ನಡುವಿಗೆ ಬಂದಿದೆಯೇ ಎಂದು ಎರಡು ಸಲ ನೋಡಿದೆ. ಮರುದಿನದಿಂದ ಶರಲ್‌ಳ ಪರೀಕ್ಷೆ ಶುರುವಾಯಿತು. ಅವಳು ಚೆನ್ನಾಗಿಯೇ ಪಾಸಾದಳು.

ಪುಸ್ತಕವನ್ನು ಅವರ ಊರಿನ ಒಂದು ಸಣ್ಣ ಪ್ರೆಸ್ಸಿನವರು ಅಚ್ಚು ಹಾಕಿದರು. ಹೆಚ್ಚು ಜನ ಓದಲಿಲ್ಲ. ಮೇಡಂ ಪ್ರತಿ ಕ್ರಿಸ್ಮಸ್‌ಗೆ ಪೆನ್ಸಿಲಿನಲ್ಲಿ ಕಾರ್ಡು ಬರೆಯುತ್ತಾರೆ, ಸಿಸಿಲಿಯಾಳ ಸಮಾಧಿಗೆ ಯಾರಾದರೂ ಹೂವಿಡುತ್ತಾರೆಯೇ ಎಂದು ಕೇಳುತ್ತಾರೆ. ಇಡುತ್ತಾರೆ ಎಂದು ನಾನು ಪ್ರತಿ ವರ್ಷ ಬರೆಯುತ್ತೇನೆ. ಈ ಸಲ ಕಾರ್ಡಿನ ಬದಲು ಪತ್ರ ಬಂತು. ಯಾರೋ ಉತ್ಸಾಹಿ ಪ್ರಕಾಶಕಿ ಅವರ ಹನ್ನೆರಡೂ ಕಾದಂಬರಿ ಮತ್ತೆ ತರುತ್ತಿದ್ದಾಳಂತೆ. ಕೊನೆಯದಕ್ಕೆ ಮುನ್ನುಡಿಯಲ್ಲಿ ದಾರ್ಸೈಟಿನ ಓದುಗರ ಬಗ್ಗೆ ಬರೆಯುತ್ತಿದ್ದೇನೆ, ಸಿಸಿಲಿಯಾಳದೊಂದು ಫೋಟೋ ಹುಡುಕಿ ಕಳಿಸು ಎಂದಿದ್ದಾರೆ.

ನಾಚಿಕೆಯಿಲ್ಲದೆ ಇದನ್ನೂ ಹೇಳಿಬಿಡುತ್ತೇನೆ — ಎರಡು ದಿನ ನಾನು ನಮ್ಮ ಮನೆಯ ಆಲ್ಬಮ್ಮುಗಳನ್ನು ತಡಕಾಡಿದೆ. ಅಪ್ಪನ ಸೋದರತ್ತೆಯೊಬ್ಬರ ಫೋಟೋ ಸಿಕ್ಕಿತು. ದಪ್ಪ ಕನ್ನಡಕ, ಬಿಗಿದ ತುಟಿ, ಈಗಲೇ ಎದ್ದು ಬೈಯುವ ಮುಖ. ಹೇಳಿ ಮಾಡಿಸಿದ ಹಾಗಿತ್ತು. ಲಕೋಟೆಯನ್ನೂ ತೆಗೆದಿಟ್ಟೆ. ಈಗ ಕೆಲಸಕ್ಕೆ ಹೋಗುವ ಶರಲ್ ಅದನ್ನು ನೋಡಿ, "ಮಮ್ಮಾ, ಎನಫ್" ಎಂದಳು. ನಾನು ಫೋಟೋವನ್ನು ಆಲ್ಬಮ್ಮಿಗೇ ವಾಪಸ್ ಸೇರಿಸಿದೆ.

ಹಾಗಾಗಿ ಇದನ್ನು ಮೊದಲು ನನ್ನ ಭಾಷೆಯಲ್ಲಿ ನಿಮ್ಮ ಮುಂದೆ ಬರೆಯುತ್ತಿದ್ದೇನೆ. ಇದು ಮುಗಿದ ಕೂಡಲೇ ಅವರಿಗೆ ಇಂಗ್ಲಿಷಿನಲ್ಲಿ ಬರೆಯುತ್ತೇನೆ. ಮಗಳ ಪರೀಕ್ಷೆಯ ಮಾತು ಅದರಲ್ಲಿ ಬರುವುದಿಲ್ಲ. ಆ ಬೈಗುಳವೆಲ್ಲ ನನ್ನದೇ, ನಿಮ್ಮೆದುರೇ ಒಬ್ಬಳು ನಿಜವಾದ ಓದುಗಾರ್ತಿ ಕೂತಿದ್ದಳು ಎಂದು ಬರೆಯಲು ಕೈ ತುರಿಸುತ್ತದೆ — ಅದನ್ನೂ ಬರೆಯುವುದಿಲ್ಲ, ಅದು ತಪ್ಪೊಪ್ಪಿಕೊಳ್ಳುವ ನೆಪದಲ್ಲಿ ಬಹುಮಾನ ಕೇಳಿದ ಹಾಗಾಗುತ್ತದೆ. ಸಿಸಿಲಿಯಾ ಇರಲಿಲ್ಲ, ಶೆಟ್ರು ಇರಲಿಲ್ಲ, ಯಾರೂ ಇರಲಿಲ್ಲ, ನಿಮ್ಮನ್ನು ನಾನು ಸುಮ್ಮನೆ ಹಿಡಿದಿಟ್ಟೆ ಎಂದು ಬರೆಯುತ್ತೇನೆ. ಹೊಸ ಪುಸ್ತಕದಲ್ಲಿ ಆ ಅರ್ಪಣೆಯ ಸಾಲಿನ ಅರ್ಧ ತೆಗೆದುಬಿಡಿ, ಆ ಜಾಗದಲ್ಲಿ ಯಾರ ಹೆಸರೂ ಬೇಡ, ಜೀನ್ ಒಬ್ಬರೇ ಇರಲಿ ಎಂದು ಕೇಳಿಕೊಳ್ಳುತ್ತೇನೆ. ಅವರು ಕಾದದ್ದಂತೂ ನಿಜ.